ಪಕ್ಕದ ಬ್ಯಾರನ್ನಿನ ಮುಯ್ಯಾಳು

ಹುಣಸೂರಿನಿಂದ ಪಿರಿಯಾಪಟ್ಟಣದ ಕಡೆಗೆ ಹೋಗುವಾಗ, ಬಸ್ಸು ನಿಂತರೂ ನಿಲ್ಲದಿದ್ದರೂ ಯಾರಿಗೂ ಬೇಜಾರಾಗದಂಥ ಒಂದು ಊರಿದೆ. ಅಲ್ಲಿ ನಾನು ಎರಡೂವರೆ ಎಕರೆಯಲ್ಲಿ ಹೊಗೆಸೊಪ್ಪು ಬೆಳೆಯುತ್ತೇನೆ. ಬೆಳೆಯುತ್ತೇನೆ ಅನ್ನುವುದು ದೊಡ್ಡ ಮಾತಾಯಿತು. ಗಿಡ ತನ್ನಷ್ಟಕ್ಕೆ ಬೆಳೆಯುತ್ತದೆ, ನನ್ನ ಹೆಂಡತಿ ಪುಟ್ಟಲಕ್ಷ್ಮಿ ಅದರ ಹಿಂದೆ ಮುಂದೆ ಓಡಾಡುತ್ತಾಳೆ, ನಾನು ಬದುವಿನ ಮೇಲೆ ನಿಂತು ಇಬ್ಬರನ್ನೂ ನೋಡುತ್ತಿರುತ್ತೇನೆ. ಹೆಸರು ಕಾಂತರಾಜು, ವಯಸ್ಸು ಐವತ್ತೆರಡು. ಈ ಐವತ್ತೆರಡರಲ್ಲಿ ಕೆಲಸ ಮಾಡಿದ ವರ್ಷಗಳನ್ನಷ್ಟೇ ಬೇರೆ ತೆಗೆದರೆ ಒಂದು ಮಗುವಿನ ವಯಸ್ಸಾದೀತು, ಅದೂ ಇನ್ನೂ ಅಂಗನವಾಡಿಗೆ ಹೋಗುವ ಮಗು.

ಇಂಥವನು ಕಾಲವನ್ನು ಕೂಡಿಡುವ ಯಂತ್ರ ಕಂಡುಹಿಡಿದ ಅಂದರೆ ನೀವು ನಗುತ್ತೀರಿ. ನಗಿ. ನಾನೇನೂ ಅದನ್ನು ಕಂಡುಹಿಡಿಯಲು ಹೊರಟವನಲ್ಲ. ನಾನು ಹೊರಟಿದ್ದು ನಿದ್ದೆ ಮಾಡುವುದಕ್ಕೆ.

ಹೊಗೆಸೊಪ್ಪಿನವರ ಪಾಡು ಗೊತ್ತಿಲ್ಲದವರಿಗೆ ಒಂದು ಮಾತು. ಹಸಿ ಸೊಪ್ಪನ್ನು ಮುರಿದು ತಂದು, ಕಡ್ಡಿಗೆ ಕಟ್ಟಿ, ಬ್ಯಾರನ್ ಅನ್ನುವ ಎತ್ತರದ ಕೋಣೆಯೊಳಗೆ ಸಾಲಾಗಿ ನೇತುಹಾಕಿ, ಹೊರಗಿನ ಒಲೆಯಿಂದ ಐದಾರು ದಿನ ಶಾಖ ಕೊಟ್ಟು ಬೇಯಿಸಬೇಕು. ಅಷ್ಟು ದಿನವೂ ಒಬ್ಬರು ಒಲೆಯ ಬಾಯಲ್ಲಿ ಕೂತು, ಥರ್ಮಾಮೀಟರ್ ನೋಡಿ ನೋಡಿ ಸೌದೆ ಹಾಕುತ್ತಿರಬೇಕು. ಕೊನೆಯ ದಿನವಂತೂ ಎಲೆಯ ದಂಟು ಒಣಗುವ ಹೊತ್ತು. ಆಗ ಬೆಂಕಿ ಆರಿತೋ, ಚಿನ್ನದ ಬಣ್ಣ ಬರಬೇಕಾದ ಸೊಪ್ಪು ಕಪ್ಪಾಗಿ ಹೋಗುತ್ತದೆ. ನಾನು ಹಾಗೆ ಕಪ್ಪು ಮಾಡಿದ ಸೊಪ್ಪನ್ನು ರಸ್ತೆಗೆ ಹಾಸಿದ್ದರೆ ಕೆ.ಆರ್. ನಗರದವರೆಗೆ ಮುಟ್ಟುತ್ತಿತ್ತು.

ಅದಕ್ಕೇ ಶಾಖ ಇಳಿದಾಗ ಗಂಟೆ ಹೊಡೆದು ನನ್ನನ್ನು ಎಬ್ಬಿಸುವ ಒಂದು ಯಂತ್ರ ಮಾಡೋಣ ಅಂತ ಕೂತೆ. ಡೇರಿಗೆ ಹಾಲು ಹಾಕುವ ಹಳೇ ಕ್ಯಾನು ಒಂದು, ಪಂಪ್‌ಸೆಟ್ಟಿನ ಕೆಟ್ಟ ಸ್ಟಾರ್ಟರ್ ಒಂದು, ತಾಮ್ರದ ತಂತಿ, ಬ್ಯಾರನ್ನಿನ ಇನ್ನೊಂದು ಥರ್ಮಾಮೀಟರ್. ವೈರಿಂಗ್ ವಿದ್ಯೆ ನಾನು ಕಲಿತದ್ದು ಎಚ್.ಡಿ. ಕೋಟೆ ತಾಲ್ಲೂಕಿನ ಎನ್. ಬೇಗೂರಿನಲ್ಲಿ ಮೋಟಾರು ರಿಪೇರಿ ಮಾಡುವ ನನ್ನ ಭಾಮೈದ ನಂಜುಂಡೇಶನ ಹತ್ತಿರ. ಎರಡು ದಿನದ ಕಲಿಕೆ, ಅದರಲ್ಲಿ ಒಂದೂವರೆ ದಿನ ಊಟಕ್ಕೇ ಹೋಗಿತ್ತು. ಎಲ್ಲ ಜೋಡಿಸಿ, ಕ್ಯಾನಿಗೆ ಒರಗಿ ಮಲಗಿದೆ. ಗಂಟೆ ಹೊಡೆಯಲಿಲ್ಲ, ಒಲೆ ಆರಿತು, ಸೊಪ್ಪು ಕಪ್ಪಾಯಿತು, ಪುಟ್ಟಲಕ್ಷ್ಮಿ ಬೈದಳು. ಇದಿಷ್ಟೂ ಮಾಮೂಲು. ಮಾಮೂಲಲ್ಲದ್ದು ಏನಾಗಿತ್ತೆಂದರೆ, ಕ್ಯಾನಿಗೆ ಸಿಕ್ಕಿಸಿದ್ದ ಥರ್ಮಾಮೀಟರಿನ ಪಾದರಸ ಒಂದೆರಡು ಗೆರೆ ಏರಿ ನಿಂತಿತ್ತು. ಕ್ಯಾನು ಮಾತ್ರ ತಣ್ಣಗಿತ್ತು.

ಸ್ಟಾರ್ಟರಿನ ಹಸಿರು ಗುಂಡಿ ಒತ್ತಿ ಮುಚ್ಚಳ ತೆಗೆದೆ. ಹಾರುತ್ತಿದ್ದ ಕಾಗೆ ಗಾಳಿಯಲ್ಲೇ ನಿಂತಿತು. ಒಲೆಯ ಹೊಗೆ ನಿಂತಿತು. ನನ್ನ ಫೋನಿನಲ್ಲಿ ಎರಡು ಗಂಟೆ ಅಂತಿದ್ದದ್ದು ಎರಡು ಗಂಟೆಯಾಗಿಯೇ ಉಳಿಯಿತು. ನಾನು ದಂಡ ಮಾಡಿದ ಮೂರು ಗಂಟೆಯನ್ನು ಆ ಕ್ಯಾನು ಹಿಡಿದಿಟ್ಟುಕೊಂಡು ನನಗೇ ವಾಪಸು ಕೊಟ್ಟಿತ್ತು. ಪ್ರಪಂಚದಲ್ಲಿ ಯಾವ ವಿಜ್ಞಾನಿಗೂ ಸಿಗದ ಮೂರು ಗಂಟೆ. ನಾನು ಅದರಲ್ಲಿ ಏನು ಮಾಡಿದೆ ಅಂತ ಕೇಳಬೇಡಿ. ಮಗ್ಗುಲು ಬದಲಿಸಿ ಮಲಗಿದೆ.

ಕ್ಯಾನಿಗೆ ಬೇಕಾದದ್ದು ಇಷ್ಟೇ, ಒಬ್ಬರು ಅದಕ್ಕೆ ಒರಗಿ ಏನೂ ಮಾಡದೆ ಕೂತಿರಬೇಕು. ಆ ಹೊತ್ತು ಅದರೊಳಗೆ ತುಂಬುತ್ತದೆ. ಒಂದು ದಿನ ಪುಟ್ಟಲಕ್ಷ್ಮಿ ಅದರ ಪಕ್ಕ ಕೂತು ಹುರುಳಿಯಲ್ಲಿ ಕಲ್ಲು ಆರಿಸಿದಳು. ಪಾದರಸ ಒಂದು ಗೆರೆ ಕೆಳಗಿಳಿಯಿತು. ನಾನು ಕೂತ ಕೂಡಲೇ ಮತ್ತೆ ಏರಿತು. ಕೊನೆಗೂ ನನ್ನ ಕಸುಬಿಗೆ ಒಂದು ಯಂತ್ರ ಸಿಕ್ಕಿತಲ್ಲ ಅಂತ ಕಣ್ಣಲ್ಲಿ ನೀರು ಬಂತು.

ಇನ್ನು ಕೆಂಪು ಗುಂಡಿ. ಕ್ಯಾನು ಪೂರ್ತಿ ತುಂಬಿದ ದಿನ ಅದನ್ನು ಒತ್ತಿ, ಬ್ಯಾರನ್ನಿನ ಸಣ್ಣ ಬಾಗಿಲು ತೆಗೆದೆ. ಒಳಗಿದ್ದದ್ದು ನನ್ನ ಬ್ಯಾರನ್ ಅಲ್ಲ. ಇಟ್ಟಿಗೆ ಅದೇ, ಮೂಲೆಯ ಬಿರುಕು ಅದೇ, ಆದರೆ ನೆಲ ಗುಡಿಸಿತ್ತು, ಕಡ್ಡಿಗಳನ್ನು ಜೋಡಿಸಿಟ್ಟಿತ್ತು. ಆಚೆ ಕಡೆ ಇನ್ನೊಂದು ಬಾಗಿಲು, ಅದರಾಚೆ ನನ್ನದೇ ಹೊಲ, ಹೊಲದಲ್ಲಿ ಬಗ್ಗಿ ಸೊಪ್ಪು ಮುರಿಯುತ್ತಿದ್ದವನು ನಾನೇ. ನನ್ನ ಕಣ್ಣನ್ನು ನಾನು ನಂಬಲಿಲ್ಲ. ಇನ್ನೊಬ್ಬ ನಾನಿರುವುದನ್ನು ಬೇಕಾದರೆ ನಂಬಬಹುದು, ಅವನು ಕೆಲಸ ಮಾಡುವುದನ್ನು ನಂಬುವುದು ಹೇಗೆ? ಎಲ್ಲೋ ಒಂದು ದಿನ ನಾನೊಂದು ತೀರ್ಮಾನ ಮಾಡಿದ್ದೆ, ಅವನು ಬೇರೊಂದು ತೀರ್ಮಾನ ಮಾಡಿದ್ದ, ಅಲ್ಲಿಂದ ನಮ್ಮ ಬದುಕು ಕವಲಾಗಿತ್ತು. ಅದು ಯಾವ ದಿನ ಅಂತ ವಿಚಾರಿಸುವ ಬುದ್ಧಿ ನನಗೆ ಆಗ ಬರಲಿಲ್ಲ. ನನಗೆ ಬಂದ ಬುದ್ಧಿಯೇ ಬೇರೆ.

ಆ ವಾರ ನನ್ನ ಹೊಲದಲ್ಲಿ ಸೊಪ್ಪು ಹಣ್ಣಾಗಿ ನಿಂತಿತ್ತು, ಮುರಿಯಲು ಆಳಿರಲಿಲ್ಲ. ನಮ್ಮ ಕಡೆ ಇದಕ್ಕೆ ಮುಯ್ಯಿ ಅಂತ ಒಂದು ಪದ್ಧತಿ ಇದೆ. ನೀನು ನನ್ನ ಹೊಲಕ್ಕೆ ಒಂದು ದಿನ ಬಂದರೆ ನಾನು ನಿನ್ನ ಹೊಲಕ್ಕೆ ಒಂದು ದಿನ ಬರಬೇಕು. ಕೂಲಿಯ ಮಾತಿಲ್ಲ, ದಿನಕ್ಕೆ ದಿನವೇ ವಾಪಸು. ಹಾಗೆ ಬರುವವನು ಮುಯ್ಯಾಳು. ಪಕ್ಕದ ಹೊಲದ ದೇವರಾಜುವನ್ನು ಕೇಳಿದ್ದೆ.

"ಕಾಂತಣ್ಣ, ಓದ್ ವರ್ಸ ನಾನೂ ನಮ್ಮನೆಯವ್ಳೂ ಎಲ್ಡ್ ದಿನ ನಿನ್ ವಲಕ್ ಬಂದೋ. ನಮ್ ಸರದಿ ಬಂದಾಗ ಸೊಂಟ ಇಡ್ಕೊಂಡೈತೆ ಅಂದೆ," ಅಂದ ಅವನು. "ಆ ಸೊಂಟ ಈಗ ಎಂಗೈತೆ?"

ಇಡೀ ಊರಿನಲ್ಲಿ ನನಗೆ ಮುಯ್ಯಿ ಬರುವವರು ಯಾರೂ ಉಳಿದಿರಲಿಲ್ಲ. ಆದರೆ ಪಕ್ಕದ ಲೋಕದಲ್ಲಿ ಒಬ್ಬನಿದ್ದನಲ್ಲ. ನನ್ನನ್ನು ನಾನೇ ಮುಯ್ಯಿಗೆ ಕರೆದರೆ ತೀರಿಸುವ ಪ್ರಶ್ನೆಯೇ ಇಲ್ಲ, ನನಗೂ ನನಗೂ ಎಂಥ ಮುಯ್ಯಿ, ಅಂತ ಲೆಕ್ಕ ಹಾಕಿ ಬಾಗಿಲು ದಾಟಿದೆ. ಅವನು ನನ್ನನ್ನು ನೋಡಿ ಬೆಚ್ಚಿದ, ಆಮೇಲೆ ಕ್ಯಾನಿನ ಕಥೆಯನ್ನೆಲ್ಲ ಸುಮ್ಮನೆ ಕೇಳಿದ. ಬಡಕಲಾಗಿದ್ದ, ಬೆರಳಿಗೆಲ್ಲ ಸೊಪ್ಪಿನ ಅಂಟು ಕರ್ರಗೆ ಹತ್ತಿತ್ತು.

"ಒಂದ್ ದಿನ ಮುಯ್ಯಿಗ್ ಬತ್ತೀಯೇನ್ಲಾ?" ಅಂದೆ.

"ಬತ್ತೀನಿ. ತೀರುಸ್ತೀಯಾ?"

"ತೀರುಸ್ತೀನಿ ಬುಡ್ಲಾ. ನೀನೂ ನಾನೇ ಅಲ್ವಾ?"

"ಅದ್ಕೇ ಕೇಳ್ತಾ ಇರದು," ಅಂದ.

ಮಾರನೆಯ ದಿನ ಬೆಳಿಗ್ಗೆ ಬಂದ. ಪುಟ್ಟಲಕ್ಷ್ಮಿ ಆ ವಾರವೆಲ್ಲ ಮನೆಯ ಮುಂದಿನ ಚಪ್ಪರದಲ್ಲಿ ಸೊಪ್ಪು ಕಟ್ಟುತ್ತಿದ್ದಳು, ಹೊಲಕ್ಕೆ ಬರುತ್ತಿದ್ದದ್ದು ಮಧ್ಯಾಹ್ನ ಬುತ್ತಿ ತರುವಾಗ ಮಾತ್ರ. ಅವನನ್ನು ಹೊಲಕ್ಕೆ ಬಿಟ್ಟು, ನಾನು ಖಾಲಿ ಬ್ಯಾರನ್ನಿನೊಳಗೆ ಗೋಣಿಚೀಲ ಹಾಸಿಕೊಂಡು ಮಲಗಿದೆ. ಮಧ್ಯಾಹ್ನ ಅವಳು ಬಂದಾಗ ಬಾಗಿಲ ಸಂದಿಯಿಂದ ನೋಡಿದೆ. ಇವನು ಬದುವಿನ ಮೇಲೆ ಅವಳು ಬರುತ್ತಿರುವುದನ್ನು ಕಂಡವನೇ ತೋಳಲ್ಲಿದ್ದ ಸೊಪ್ಪನ್ನೆಲ್ಲ ಕೆಳಗೆ ಬಿಟ್ಟ. ಅವಳು ಮುದ್ದೆ ಬಡಿಸಿ, ಸಾರು ಹುಯ್ದು, "ಉಣ್ರೀ, ಆರೋಯ್ತದೆ," ಅಂದಳು. ಅವನು ಉಣ್ಣಲಿಲ್ಲ. ತಟ್ಟೆ ಹಿಡಿದುಕೊಂಡು ಅವಳ ಮುಖವನ್ನೇ ನೋಡುತ್ತಾ ಕೂತಿದ್ದ. ಎಂಥ ಪೆದ್ದ ಅಂದುಕೊಂಡೆ, ಬಿಸಿ ಮುದ್ದೆ ಬಿಟ್ಟು ಅವಳ ಮುಖ ನೋಡುತ್ತಾನಲ್ಲ, ಅದು ನಿತ್ಯ ಇರುವಂಥದ್ದು.

ಸಂಜೆ ಹೋಗುವಾಗ "ನಾಳೀಕೂ ಬತ್ತೀನಿ," ಅಂದ. ಮಾರನೆಯ ದಿನ ಬಂದ, ಅದರ ಮಾರನೆಯ ದಿನವೂ ಬಂದ. ಒಂದು ದಿನಕ್ಕೆ ಕರೆದರೆ ನಾಲ್ಕು ದಿನ ದುಡಿದ. ನಾನು ಎಂಥಾ ಒಳ್ಳೆಯವನು ಅಂತ ಅವನನ್ನು ನೋಡಿ ನನಗೇ ಹೆಮ್ಮೆಯಾಯಿತು.

ನಾಲ್ಕನೆಯ ದಿನ ಬಿಸಿಲು ಇಳಿಯುವ ಮೊದಲೇ ಕೆಲಸ ಮುಗಿಯಿತು. ತುಂಬಿದ ಕ್ಯಾನು ದಾರಿಯನ್ನು ತೆರೆದಿಡುತ್ತಿದ್ದದ್ದು ನಾಲ್ಕೇ ದಿನ, ಪಾದರಸ ತಳ ಮುಟ್ಟುತ್ತಿತ್ತು. "ಸರಿ ಕಣ್ಲಾ, ಓಗ್ಬುಟ್ ಬಾ," ಅಂದೆ. ಅವನು ಬಾಗಿಲ ಹತ್ತಿರ ಹೋಗಿ ನಿಂತ.

"ಮುಯ್ಯಿ," ಅಂದ.

ನನ್ನ ಕೈ ತಾನಾಗಿ ಸೊಂಟಕ್ಕೆ ಹೋಯಿತು.

"ನಾಕ್ ದಿನ ಬ್ಯಾಡ. ಒಂದೇ ದಿನ ಸಾಕು," ಅಂದ. "ಅವತ್ತು ನೀನ್ ನನ್ ವಲ್ದಲ್ಲಿರು, ನಾನ್ ನಿನ್ ಮನೇಲಿರ್ತೀನಿ. ಬೆಳಿಗ್ಗೆ ಬಂದು ಸಂಜೀಕ್ ಓಯ್ತೀನಿ."

"ನನ್ ಮನೇಲ್ ಏನೈತ್ಲಾ ನಿಂಗೆ?"

"ಪುಟ್ಲಕ್ಸ್ಮಿ ಅವ್ಳಲ್ಲ. ನಮ್ಮಲ್ಲಿಲ್ಲ ಕಣ್ಲಾ. ಎಲ್ಡ್ ವರ್ಸ ಆಯ್ತು."

ಆಮೇಲೆ ಅವನು ಹೇಳಿದ್ದು ಒಂದು ದಿನದ ವಿಷಯ. ಆ ದಿನ ನನಗೂ ಚೆನ್ನಾಗಿ ನೆನಪಿದೆ, ಯಾಕೆಂದರೆ ಅವತ್ತು ಮಧ್ಯಾಹ್ನದವರೆಗೂ ನಾವಿಬ್ಬರೂ ಒಬ್ಬನೇ. ಹಿಂದಿನ ವಾರ ಒಂದು ಬ್ಯಾರನ್ ಸೊಪ್ಪು ನನ್ನ ನಿದ್ದೆಯಿಂದ ಕಪ್ಪಾಗಿತ್ತು. ಪುಟ್ಟಲಕ್ಷ್ಮಿ ಬೈಯುವಷ್ಟು ಬೈದು ಕೊನೆಗೆ ಅತ್ತುಬಿಟ್ಟಿದ್ದಳು. ಈ ಸಲ ಒಲೆ ಬಿಟ್ಟು ಏಳುವುದಿಲ್ಲ ಅಂತ ಅವಳ ಕೈಮುಟ್ಟಿ ಮಾತು ಕೊಟ್ಟು ಕೂತಿದ್ದೆ. ಕೊನೆಯ ದಿನ, ದಂಟು ಒಣಗುವ ಹೊತ್ತಿನಲ್ಲಿ, ಅವಳು ಹೊಟ್ಟೆ ಹಿಡಿದುಕೊಂಡು ಬಂದು ನೋಯುತ್ತಿದೆ ಅಂದಳು.

ಅವನು ಓಮದ ಕಾಳು ಅಗಿಯಲು ಕೊಟ್ಟು, "ಬೆಳಿಗ್ಗೆ ಓಗಾನ, ಇದೊಂದ್ ಸಲ ಸೊಪ್ ಕೆಡುಸ್ಬಾರ್ದು," ಅಂದನಂತೆ. ಅವಳೂ ಹೂಂ ಅಂದಳಂತೆ. ಜೀವನದಲ್ಲಿ ಅದೊಂದು ಸಲ ಅವನು ಕೊಟ್ಟ ಮಾತು ಉಳಿಸಿಕೊಂಡ. ಸೊಪ್ಪು ಚಿನ್ನದ ಹಾಗೆ ಬಂತು. ಬೆಳಿಗ್ಗೆ ಮೈಸೂರಿನ ಆಸ್ಪತ್ರೆಗೆ ಹೋಗುವಷ್ಟರಲ್ಲಿ ಅಪೆಂಡಿಕ್ಸ್ ಒಡೆದು ನಂಜು ಮೈಗೆಲ್ಲ ಹರಡಿತ್ತು. ಮೂರನೆಯ ದಿನ ಹೋದಳು.

ನಾನು? ನಾನು ಆ ಮಧ್ಯಾಹ್ನವೇ ಅವಳನ್ನು ಹುಣಸೂರಿಗೆ, ಅಲ್ಲಿಂದ ಮೈಸೂರಿಗೆ ಕರೆದುಕೊಂಡು ಹೋದೆ. ಸಂಜೆಯೇ ಆಪರೇಷನ್ ಆಯಿತು, ಉಳಿದಳು. ಒಂದು ಬ್ಯಾರನ್ ಸೊಪ್ಪನ್ನು ಹೆಂಡತಿಗಾಗಿ ಕಪ್ಪಾಗಲು ಬಿಟ್ಟು ಹೋದ ಗಂಡ ಅಂತ ಈ ಕಥೆಯನ್ನು ನಾನು ಎಷ್ಟು ಮದುವೆ ಮನೆಗಳಲ್ಲಿ ಹೇಳಿದ್ದೇನೋ. ನಿಜ ಹೇಳುತ್ತೇನೆ. ಐದು ದಿನ ಒಲೆಯ ಮುಂದೆ ಕೂತು ನನಗೆ ಸಾಕಾಗಿತ್ತು. ಅವಳು ನೋವು ಅಂದಾಗ ನನಗೆ ಮೊದಲು ಆದದ್ದು ಗಾಬರಿ ಅಲ್ಲ, ಸಂತೋಷ. ಏಳುವುದಕ್ಕೆ ನೆಪ ಸಿಕ್ಕಿತ್ತು. ಹುಣಸೂರಿನಲ್ಲಿ ಅವಳನ್ನು ಡಾಕ್ಟರಿಗೆ ತೋರಿಸಿ, ಒಂದು ಮಸಾಲೆ ದೋಸೆ ತಿಂದು ಬರೋಣ ಅಂತ ಹೊರಟವನು ನಾನು. ನನ್ನ ಬಾಳಿನ ಒಂದೇ ಒಂದು ಒಳ್ಳೆಯ ಕೆಲಸ ನಾನು ಮೈಗಳ್ಳತನದಿಂದ ಮಾಡಿದ್ದು.

ಇದನ್ನು ಅವನಿಗೆ ಹೇಳಲಿಲ್ಲ. ಹೇಳುವ ಧೈರ್ಯ ಯಾರಿಗಿದೆ? ಬದಲಿಗೆ, "ಆಗಲ್ಲ ಕಣ್ಲಾ," ಅಂದೆ. "ನನ್ನೆಂಡ್ರು ಅವ್ಳು." ಅವನು ಜಗಳಕ್ಕೆ ಬರಲಿಲ್ಲ. "ಅಂಗೇ ಬುಡು," ಅಂದು ಬಗ್ಗಿ ಬಾಗಿಲು ದಾಟಿ ಹೋದ. ಊರಲ್ಲಿ ಎಷ್ಟೋ ಮಂದಿಗೆ ಮುಯ್ಯಿ ಕೈಕೊಟ್ಟಿದ್ದೇನೆ, ಎಲ್ಲರೂ ನನ್ನ ಜನ್ಮ ಜಾಲಾಡಿದ್ದಾರೆ, ನನಗೆ ಏನೂ ಅನ್ನಿಸಿರಲಿಲ್ಲ. ಇವನು ಬೈಯದೆ ಹೋದದ್ದು ಮಾತ್ರ ತಡೆಯಲಾಗಲಿಲ್ಲ.

ಮತ್ತೆ ಕ್ಯಾನು ತುಂಬಿಸಲು ಕೂತೆ. ತುಂಬಲಿಲ್ಲ. ಒರಗಿ ಕೂತರೆ ಅವಳ ನೆನಪು, ಅವನ ನೆನಪು, ಆ ಓಮದ ಕಾಳಿನ ನೆನಪು. ಜೀವನದಲ್ಲಿ ಮೊದಲ ಸಲ ನನಗೆ ಹೊತ್ತು ದಂಡ ಮಾಡಲು ಬರಲಿಲ್ಲ. ಮೊದಲು ಎರಡೇ ದಿನದಲ್ಲಿ ತುಂಬುತ್ತಿದ್ದ ಕ್ಯಾನಿಗೆ ಹನ್ನೊಂದು ದಿನ ಹಿಡಿಯಿತು. ಹನ್ನೆರಡನೆಯ ದಿನ ಬೆಳಿಗ್ಗೆ ಬಾಗಿಲು ತೆಗೆದು, "ಬಾರ್ಲಾ," ಅಂದೆ. ಅವನು ಒಗೆದ ಪಂಚೆ ಉಟ್ಟುಕೊಂಡು ಬಂದ, ಪಿರಿಯಾಪಟ್ಟಣದಲ್ಲಿ ಹೊಲಿಸಿದ ಹಳೇ ನೀಲಿ ಶರ್ಟು ಹಾಕಿದ್ದ, ನನ್ನ ಹತ್ತಿರವೂ ಅಂಥದ್ದೇ ಇದೆ. ನಾನು ಅವನ ಕಡೆಗೆ ದಾಟಿದೆ.

ಅವತ್ತು ನಾನು ನಿಜವಾಗಿ ದುಡಿದೆ. ಮಧ್ಯಾಹ್ನದ ಹೊತ್ತಿಗೆ ನನ್ನ ಸೊಂಟ ನಿಜವಾಗಿಯೇ ಹಿಡಿದುಕೊಂಡಿತು, ಹೇಳಿಕೊಳ್ಳಲು ಯಾರೂ ಇರಲಿಲ್ಲ. ಆ ಲೋಕದ ದೇವರಾಜು ಬದುವಿನ ಮೇಲೆ ಬಂದು ನಿಂತು, ನಾಳೆ ತಾನೂ ಮುಯ್ಯಿಗೆ ಬರುತ್ತೇನೆ ಅಂದ. ನನಗೆ. ಮುಯ್ಯಿಗೆ. ಆಮೇಲೆ ನನ್ನ ಮುಖ ನೋಡಿ, "ಯಾಕಣ್ಣ, ಅತ್ಗೆಮ್ಮನ್ ನೆಪ್ಪಾಯ್ತಾ? ಅಣೇಬರ ಕಣಣ್ಣ, ನಿಮ್ದೇನ್ ತಪ್ಪೈತೆ," ಅಂತ ಸಮಾಧಾನ ಹೇಳಿದ. ಸ್ವಲ್ಪ ಹೊತ್ತಿಗೆ ಆ ದಾರಿಯಲ್ಲಿ ಬಂದ ಊರಿನ ಹಿರಿಯರು ಸಿದ್ದಮಲ್ಲಪ್ಪನವರೂ ಅದನ್ನೇ ಹೇಳಿದರು. ಅವರೆಲ್ಲ ಎರಡು ವರ್ಷದಿಂದ ಅವನಿಗೆ ಇದನ್ನೇ ಹೇಳುತ್ತಿದ್ದಿರಬೇಕು.

ಊಟಕ್ಕೆ ಅವನ ಮನೆಗೆ ಹೋದೆ. ಪಾತ್ರೆಯೆಲ್ಲ ತೊಳೆದಿಟ್ಟಿತ್ತು. ಬಾಗಿಲ ಪಕ್ಕದಲ್ಲಿ ಅವಳ ಚಪ್ಪಲಿ, ಧೂಳು ಒರೆಸಿಟ್ಟದ್ದು. ಗೋಡೆಯಲ್ಲಿ ಹಾರ ಹಾಕಿದ ಫೋಟೋ. ನಮ್ಮ ಮಗಳ ಮದುವೆಯಲ್ಲಿ ತೆಗೆದದ್ದು, ನನ್ನ ಮನೆಯಲ್ಲೂ ಇದೆ, ಹಾರವಿಲ್ಲ. ಅವನ ಫೋನು ಅಲ್ಲೇ ಇತ್ತು, ಹೊಡೆದುಕೊಂಡಿತು. ಕೆ.ಆರ್. ನಗರಕ್ಕೆ ಕೊಟ್ಟಿರುವ ನಮ್ಮ ಮಗಳು ರಾಧಾ. "ಅಪ್ಪ, ಉಂಡ್ಯಾ?" ಅಂದಳು. ನನ್ನ ಮನೆಯಲ್ಲಿ ಅವಳು ಫೋನು ಮಾಡುವುದು ಅವಳಮ್ಮನಿಗೆ, ನನ್ನ ಸುದ್ದಿ ಕೊನೆಯಲ್ಲಿ ಒಂದು ಸಾಲು. "ಉಂಡೆ ಕಣವ್ವ," ಅಂದೆ. ಆಮೇಲೆ ಉಣ್ಣಲಾಗಲಿಲ್ಲ. ಆ ಫೋಟೋದ ಕೆಳಗೆ ಕೂತು ನಾನು ಅತ್ತೆ, ಹೊಲಕ್ಕೆ ಹೋಗುವವರೆಗೂ ಅತ್ತೆ.

ಸಂಜೆ ಬ್ಯಾರನ್ನಿನ ಬಾಗಿಲಲ್ಲಿ ಇಬ್ಬರೂ ಎದುರಾದೆವು. ಅವನ ಕಣ್ಣು ಊದಿತ್ತು, ಮುಖ ಮಾತ್ರ ತಿಳಿಯಾಗಿತ್ತು. "ತೀರ್ತು ಕಣ್ಲಾ," ಅಂದ, ಹೋದ.

ಮನೆಗೆ ಓಡಿದೆ. ಪುಟ್ಟಲಕ್ಷ್ಮಿ ಜಗಲಿಯ ಮೇಲೆ ಕೂತಿದ್ದಳು, ಇದ್ದಳು. ಏನೂ ಆಗದವನ ಹಾಗೆ ಪಕ್ಕದಲ್ಲಿ ಕೂತೆ.

"ವಲ್ದಲ್ ಕೆಲ್ಸ ಜೋರಿತ್ತಾ?" ಅಂದಳು. "ಅವ್ರು ನಿಮ್ ಥರ ಅಲ್ಲ ಕಣ್ರೀ. ಉಂಡ್ ತಟ್ಟೆ ತೊಳ್ದಿಡ್ತಾರೆ."

ನಾನು ಅವಳ ಕಡೆ ತಿರುಗಿದೆ. "ನಿಂಗ್ ಯಾವಾಗ್ ಗೊತ್ತಾಯ್ತು?"

"ಬುತ್ತಿ ತಂದ್ ಮೊದಲ್ನೇ ದಿನಾನೇ. ನೀವ್ ಯಾವತ್ ನನ್ ಮುಖ ನೋಡ್ಕೊಂಡ್ ಕೂತಿದ್ರಿ?" ಅಂದಳು. "ಇವತ್ತು ಎಲ್ಲಾ ಏಳುದ್ರು. ಆ ಸೊಪ್ಪು, ಆ ಒಲೆ, ಎಲ್ಲಾನೂ."

ಇನ್ನು ಮುಚ್ಚಿಟ್ಟು ಫಲವಿರಲಿಲ್ಲ. ಅವತ್ತು ನಾನು ಎದ್ದದ್ದು ಅವಳಿಗಾಗಿ ಅಲ್ಲ, ಒಲೆ ಬೇಜಾರಾಗಿ ಅಂತ ಹೇಳಿಬಿಟ್ಟೆ. ದೋಸೆಯನ್ನೂ ಬಿಡಲಿಲ್ಲ. ಅವಳು ಸೆರಗಿನಿಂದ ಮುಖ ಒರೆಸಿಕೊಂಡಳು.

"ಅವತ್ತೇ ಗೊತ್ತು ನಂಗೆ. ನಾನ್ ನೋವು ಅಂದ್ ತಕ್ಸಣ ನಿಮ್ ಮುಖ ಅರಳ್ತು," ಅಂದಳು. "ಬಂದ್ರಲ್ಲ, ಸಾಕು. ಅದ್ನೇನ್ ಈಗ ಏಳ್ತೀರಾ."

ಅವನಿಗೆ ನೀನೇನು ಸಮಾಧಾನ ಹೇಳಿದೆ ಅಂತ ಕೇಳಿದೆ.

"ಸಮಾದಾನ ಯಾಕ್ ಏಳ್ಲಿ? ಬೈದೆ," ಅಂದಳು. "ಊರ್ನೋರೆಲ್ಲಾ ಅಣೇಬರ ಅಣೇಬರ ಅಂತಾರಂತೆ. ಎಲ್ಡ್ ವರ್ಸದಿಂದ ಒಬ್ರೂ ಬೈದಿಲ್ವಂತೆ. ಬೈಬೇಕಾಗಿದ್ದೋಳು ಓಗ್ಬುಟ್ಳು. ಅವ್ಳ ಬದ್ಲು ನಾನೇ ಬೈದೆ."

"ಏನಂತ?"

"ಜನ್ಮದಲ್ಲಿ ನನ್ ಒಂದ್ ಮಾತೂ ಕೇಳ್ದೇ ಇದ್ದೋರು, ಅದೊಂದ್ ದಿನ ಯಾಕ್ ಕೇಳುದ್ರಿ ಅಂದೆ."

ನನಗೆ ಅವಳ ಕೈ ಹಿಡಿದುಕೊಳ್ಳಬೇಕು ಅನ್ನಿಸಿತು, ಹಿಡಿದುಕೊಂಡೆ.

"ಅದ್ಕೇನಂದ?"

"ಗೋಡೆ ಕಡೀಕ್ ತಿರುಕ್ಕಂಡ್ ಅತ್ರು. ಆಮೇಲ್ ಮುಖ ತೊಳ್ಕೊಂಡ್ ಬಂದು, ಇನ್ನೊಂದ್ ಸಲ ಬಯ್ಯಿ ಅಂದ್ರು."

"ಬೈದ್ಯಾ?"

"ಊಂ," ಅಂದಳು. "ಸಂಜೆ ಗಂಟ ಬೈದೆ."